ಕಣ್ಣು ತಪ್ಪಿಸುವ ಬೈಂಡರ್

ಗ್ರಂಥಾಲಯದ ಹಿಂದಿನ ಕೋಣೆಯಲ್ಲಿ ಹಳೆಯ ಪುಸ್ತಕಗಳಿಗೆ ರಟ್ಟು ಕಟ್ಟುವ ಬೈಂಡರ್ ಯಾರ ಕಣ್ಣನ್ನೂ ನೋಡಿ ಮಾತಾಡುವ ಆಸಾಮಿಯಲ್ಲ. ನೂರೈವತ್ತು ವರ್ಷ ಹಿಂದಿನ ದೆವ್ವದ ಕಥೆಗಳನ್ನು ಹೊಲಿಯುತ್ತ ಹೊಲಿಯುತ್ತ ಓದಿಬಿಟ್ಟದ್ದೇ ಇದಕ್ಕೆ ಕಾರಣ. ಆ ಕಥೆಗಳಲ್ಲಿ ಸಮ್ಮೋಹನ ಬಲ್ಲವನು ದಿಟ್ಟಿಸಿ ನೋಡಿದರೆ ಸಾಕು, ಎದುರಿಗಿದ್ದವನು ಗೊಂಬೆಯಾಗುತ್ತಾನೆ. ಆ ನೋಟ ಕದಲುವವರೆಗೆ ಸಾವು ಕೂಡ ಆ ಗೊಂಬೆಯನ್ನು ಮುಟ್ಟುವಂತಿಲ್ಲ. “ಎಲ್ಲಾ ಕಟ್ಟುಕಥೆ ಕಣ್ರೀ” ಎಂದು ತಾನೇ ನಗುತ್ತಾನೆ, ನಗುವಾಗಲೂ ನೋಟ ಮಾತ್ರ ನಿಮ್ಮ ಅಂಗಿಯ ಎರಡನೇ ಗುಂಡಿಯ ಮೇಲೆ. ಜನರನ್ನು ಅವನು ಗುರುತು ಹಿಡಿಯುವುದು ಚಪ್ಪಲಿಯಿಂದ, ಗ್ರಂಥಪಾಲಕರು ಹೊಸ ಬೂಟು ಹಾಕಿಕೊಂಡು ಬಂದ ದಿನ “ಯಾರು ಬೇಕಿತ್ತು?” ಎಂದು ಕೇಳಿ ಬೈಸಿಕೊಂಡಿದ್ದ. ಕ್ಷೌರದಂಗಡಿಯ ಕನ್ನಡಿಯೆದುರು ಕಣ್ಣು ಮುಚ್ಚಿಯೇ ಕೂರುತ್ತಾನೆ, ತನ್ನನ್ನು ತಾನೇ ವಶ ಮಾಡಿಕೊಂಡರೆ ಬಿಡಿಸುವವರು ಯಾರು? “ಇಪ್ಪತ್ತು ವರ್ಷದಿಂದ ಇವರು ನನ್ನ ಕಿವಿಯೋಲೆ ಜೊತೆ ಸಂಸಾರ ಮಾಡ್ತಿದಾರೆ” ಎಂದು ಹೆಂಡತಿ ಅಕ್ಕಪಕ್ಕದವರನ್ನು ನಗಿಸುತ್ತಾಳೆ. ಅಂಥವನು ಹೋದ ತಿಂಗಳು, ಅವಳಿಗೆ ಆಪರೇಷನ್ ಆಗಿ, “ಇವತ್ತೊಂದು ದಿನ ದಾಟಲಿ” ಎಂದು ಡಾಕ್ಟರು ಹೇಳಿ ಹೋದ ಮೇಲೆ, ಮಂಚದ ಪಕ್ಕ ಸ್ಟೂಲು ಎಳೆದುಕೊಂಡು ಕೂತು ಅವಳ ಕಣ್ಣಲ್ಲಿ ಕಣ್ಣಿಟ್ಟ. ಕಣ್ಣು ಕೆಂಪಾಗಿ ನೀರು ಸುರಿದರೂ ನೋಟ ಕದಲಿಸಲಿಲ್ಲ. “ಏನ್ರೀ ಇದು, ಅಳ್ತಿದೀರಾ?” ಎಂದಳು ಅವಳು. “ಅಳು ಅಲ್ಲ ಕಣೇ, ಮಾತಾಡಿಸ್ಬೇಡ. ನಾನು ರೆಪ್ಪೆ ಬಡಿದ್ರೆ ನೀನು ಹೊರಟುಬಿಡ್ತೀಯ.”