ಕರೆದು ಬಂದ ಕಾಗೆ

ಕೆಲವು ವಾರಗಳ ಹಿಂದೆ ಮೊಮ್ಮಗಳಿಗೆ ಹಳೆಯ ಪಠ್ಯಪುಸ್ತಕ ಹುಡುಕುತ್ತ ಅವೆನ್ಯೂ ರಸ್ತೆಯಲ್ಲಿ ಅಲೆಯುತ್ತಿದ್ದೆ. ಫುಟ್‌ಪಾತಿನಲ್ಲಿ ಗೋಣಿತಾಟು ಹಾಸಿ ತುಕ್ಕು ಹಿಡಿದ ಬೀಗ, ಗಡಿಯಾರದ ಪಟ್ಟಿ ಹರವಿಕೊಂಡು ಕೂತವನ ಮುಂದೆ ಕಾಲು ತಾನಾಗಿ ನಿಂತಿತು. ಆ ರಾಶಿಯಲ್ಲಿ ಒಂದು ಎಣಿಕೆ ಯಂತ್ರ. ಅಂಗೈಯಲ್ಲಿ ಅಡಗುವಷ್ಟು ಚಿಕ್ಕ ಉಕ್ಕಿನ ಡಬ್ಬಿ. ಹೆಬ್ಬೆರಳಿನಿಂದ ಗುಂಡಿ ಒತ್ತಿದರೆ ಟಿಕ್ ಎಂದು ಒಂದಂಕಿ ಮುಂದೆ ಹೋಗುತ್ತದೆ. ಒತ್ತಿ ನೋಡಿದೆ. ಟಿಕ್. ಆ ಸದ್ದಿನ ಬೆನ್ನಿಗೇ ಮೂಗಿಗೆ ಊದುಬತ್ತಿಯ ವಾಸನೆ ಬಡಿಯಿತು. ಅಲ್ಲೆಲ್ಲೂ ಊದುಬತ್ತಿ ಇರಲಿಲ್ಲ...

"ಏನಮ್ಮಾ, ಜಪ ಎಣಿಸೋದಕ್ಕಾ?" ಅಂದ ಅವನು.

"ಅಲ್ಲಪ್ಪ, ಕಾಗೆ ಎಣಿಸೋದಕ್ಕೆ" ಅಂದೆ. ಚೌಕಾಸಿಗೂ ನಿಲ್ಲದೆ ಕೇಳಿದಷ್ಟಕ್ಕೆ ಕೊಟ್ಟುಬಿಟ್ಟ.

ನಾನು ಮದುವೆಯಾಗಿ ಚಾಮರಾಜಪೇಟೆಯ ಮನೆಗೆ ಬಂದದ್ದು ಎಪ್ಪತ್ತರ ದಶಕದ ಮೊದಲಲ್ಲಿ. ಮನೆಯ ಮುಂದಿನ ಕೋಣೆಯಲ್ಲಿ ಒಬ್ಬ ಮೇಷ್ಟ್ರು ಬಾಡಿಗೆಗಿದ್ದರು. ಹೈಸ್ಕೂಲಿನಲ್ಲಿ ವಿಜ್ಞಾನ ಹೇಳುತ್ತಿದ್ದರು. ಮದುವೆಯಾಗಿರಲಿಲ್ಲ, ದೇವರನ್ನು ನಂಬುತ್ತಿರಲಿಲ್ಲ, ಪಂಚಾಂಗ ಮುಟ್ಟುತ್ತಿರಲಿಲ್ಲ. ಈ ಮೂರರಲ್ಲಿ ಯಾವುದರಿಂದ ಯಾವುದಾಯಿತು ಎನ್ನುವುದು ನಮ್ಮ ಅತ್ತೆಗೆ ಕೊನೆಯವರೆಗೂ ಬಗೆಹರಿಯಲಿಲ್ಲ.

ಅವರಿಗಿದ್ದ ಒಂದೇ ಚಟ ಹಕ್ಕಿ ಎಣಿಸುವುದು. ಪಕ್ಷಿ ನೋಡುವವರ ಸಣ್ಣ ಸಂಘವೊಂದು ಊರಿನಲ್ಲಿತ್ತು. ಅದರ ಸದಸ್ಯರು ತಿಂಗಳ ಮೊದಲ ಭಾನುವಾರ ತಮ್ಮ ತಮ್ಮ ಬೀದಿಯ ಹಕ್ಕಿಗಳನ್ನು ಎಣಿಸಿ ಕಾರ್ಡು ಬರೆಯಬೇಕು. ಮೇಷ್ಟ್ರು ನಮ್ಮ ಮಹಡಿಯ ನೀರಿನ ತೊಟ್ಟಿಯ ಪಕ್ಕ ಇಂಥದೇ ಎಣಿಕೆ ಯಂತ್ರ ಹಿಡಿದು ನಿಂತು, ಒಂದು ಊದುಬತ್ತಿ ಹಚ್ಚಿ, ಅದು ಉರಿದು ಮುಗಿಯುವವರೆಗೆ ಕಾಗೆ ಎಣಿಸುತ್ತಿದ್ದರು. ಪಾರಿವಾಳಕ್ಕೆ ಇನ್ನೊಂದು ಕಡ್ಡಿ, ಗುಬ್ಬಿಗೆ ಮತ್ತೊಂದು. ಕೈಗಡಿಯಾರ ನೋಡಲು ಕಣ್ಣು ತಗ್ಗಿಸಿದರೆ ಅಷ್ಟರಲ್ಲಿ ಹಕ್ಕಿ ಹಾರಿಹೋಗುತ್ತದೆ, ಮೂಗಿಗಾದರೆ ಆ ತೊಂದರೆಯಿಲ್ಲ ಎನ್ನುವುದು ಅವರ ವಾದ. ಘಮಘಮ ಹೊಗೆಯ ನಡುವೆ ಆಕಾಶ ನೋಡುತ್ತ ನಿಂತವರನ್ನು ಕಂಡು ಎದುರುಮನೆಯವರು, ಮೇಷ್ಟ್ರು ಸೂರ್ಯೋಪಾಸಕರು ಎಂದು ಬಹಳ ದಿನ ಕೈಮುಗಿಯುತ್ತಿದ್ದರು.

ನಿಯಮಗಳೋ, ನಮ್ಮ ಅತ್ತೆಯ ಮಡಿಗಿಂತ ಬಿಗಿ. ಕೂತ ಹಕ್ಕಿ ಮಾತ್ರ ಲೆಕ್ಕ, ಮೇಲೆ ಹಾರಿಹೋದದ್ದು ಇಲ್ಲ. ಎದ್ದುಹೋಗಿ ಮತ್ತೆ ಬಂದದ್ದನ್ನು ಎರಡಾಗಿ ಎಣಿಸಕೂಡದು. ಕಾಳು ಚೆಲ್ಲಕೂಡದು, ಕರೆಯಕೂಡದು. ಎಣಿಸುವಾಗ ಹಕ್ಕಿಯನ್ನು ಬಿಟ್ಟು ಬೇರೇನನ್ನೂ ನೋಡಕೂಡದು. ಒಂದೂ ಬರದಿದ್ದರೆ ಸೊನ್ನೆ ಎಂದು ಬರೆಯಬೇಕು, ಸೊನ್ನೆಯೂ ಲೆಕ್ಕವೇ. ಕಡ್ಡಿ ಆರಿದ ಮೇಲೆ ಸಾಕ್ಷಾತ್ ಗರುಡನೇ ಬಂದರೂ ಸೇರಿಸುವಂತಿಲ್ಲ. ಒಮ್ಮೆ ಕಡ್ಡಿ ಆರಿದ್ದೇ ತಡ, ಉದ್ದ ಬಾಲದ ಬೆಳ್ಳನೆಯ ಹಕ್ಕಿಯೊಂದು ಬಟ್ಟೆಯ ತಂತಿಯ ಮೇಲೆ ಬಂದು ಕೂತಿತಂತೆ. ಮೇಷ್ಟ್ರು ಅದನ್ನು ಬರೆಯಲಿಲ್ಲ. ಅವತ್ತೆಲ್ಲ ಸಾವಿನ ಮನೆಯವರ ಹಾಗೆ ಮುಖ ಮಾಡಿಕೊಂಡು ಕೂತಿದ್ದರು.

ಈ ವಿದ್ಯೆ ಮದುವೆ ಮನೆಗಳಲ್ಲೂ ಉಪಯೋಗಕ್ಕೆ ಬರುತ್ತಿತ್ತು. ಅಡುಗೆಯವರು ಛತ್ರದ ಬಾಗಿಲಿಗೆ ಬಂದು, "ಮೇಷ್ಟ್ರೇ, ಎಷ್ಟು ಎಲೆ ಆಗ್ಬೋದು?" ಎಂದು ಕೇಳುವರು. ಪಾರಿವಾಳದ ಹಿಂಡನ್ನು ಅಂದಾಜು ಮಾಡುವಂತೆಯೇ ಮೇಷ್ಟ್ರು ಹತ್ತು ತಲೆ ಎಣಿಸಿ, ಅಂಥ ಗುಂಪು ಎಷ್ಟಿವೆ ಎಂದು ಕಣ್ಣಳತೆಯಲ್ಲೇ ಹೇಳಿಬಿಡುವರು. "ಕೈ ತೊಳ್ಕೊಂಡು ಮತ್ತೆ ಪಂಕ್ತೀಲಿ ಕೂತ್ರೆ ಅದಕ್ಕೆ ನಾನು ಜವಾಬ್ದಾರನಲ್ಲ" ಎಂದು ಸೇರಿಸಲು ಮರೆಯುತ್ತಿರಲಿಲ್ಲ.

ಒಂದೇ ತೊಡಕೆಂದರೆ ಹೊತ್ತು. ಹಕ್ಕಿ ಎಣಿಸಲು ಬೆಳಗಿನ ಜಾವ ಒಳ್ಳೆಯದು. ಆದರೆ ಬೆಳಿಗ್ಗೆ ಮಹಡಿ ಅತ್ತೆಯ ಸುಪರ್ದಿನಲ್ಲಿತ್ತು. ಮಡಿಸೀರೆ ಒಣಗಿ ಕೆಳಗೆ ಬರುವ ತನಕ ಯಾರೂ ಮೇಲೆ ಕಾಲಿಡುವಂತಿಲ್ಲ. ಹಾಗಾಗಿ ಮೇಷ್ಟ್ರ ಪಾಲಿಗೆ ಉಳಿದದ್ದು ನಡುಮಧ್ಯಾಹ್ನ. ಅನರ್ಥವಾದದ್ದೆಲ್ಲ ಇದರಿಂದಲೇ.

ಒಂದು ವರ್ಷ ಅಕ್ಟೋಬರಿನ ಎಣಿಕೆ ಮುಗಿಸಿ ಮೇಷ್ಟ್ರು ಮಹಡಿಯಿಂದ ಹೆಚ್ಚುಕಡಿಮೆ ಹಾರಿಕೊಂಡೇ ಇಳಿದರು. ಪ್ರತಿಸಲ ಇಪ್ಪತ್ತರ ಆಚೀಚೆ ಇರುತ್ತಿದ್ದ ಕಾಗೆಗಳು ಅವತ್ತು ಮುನ್ನೂರು ದಾಟಿದ್ದವು! ಒತ್ತಿ ಒತ್ತಿ ಹೆಬ್ಬೆರಳು ಕೆಂಪಾಗಿತ್ತು. ಕಾರ್ಡು ಹೋಯಿತು. ಸಂಘದಿಂದ ಮರುಟಪಾಲಿಗೇ ಉತ್ತರ ಬಂತು: ಇದು ಅಪೂರ್ವ, ಮುಂದಿನ ಎಣಿಕೆಯ ದಿನ ಕಾರ್ಯದರ್ಶಿಗಳೇ ಖುದ್ದಾಗಿ ನೋಡಲು ಬರುತ್ತಾರೆ. ಅಷ್ಟು ವರ್ಷ ಕಾರ್ಡು ಬರೆದರೂ ಒಂದು ಮಾತು ಬರೆಯದ ಸಂಘ ಅದು. ಮೇಷ್ಟ್ರು ನಮ್ಮ ನಡುಮನೆಯ ಬಾಗಿಲಲ್ಲಿ ನಿಂತು ಕಾಗದವನ್ನು ಎರಡೆರಡು ಸಲ ಓದಿದರು.

ಅವರೆಕಾಯಿ ಬಿಡಿಸುತ್ತಿದ್ದ ಅತ್ತೆ ತಲೆಯೆತ್ತಿದರು. "ಯಾವತ್ತು ಎಣಿಸಿದ್ದು ಅಂದ್ರಿ?"

"ಮೊದಲ್ನೇ ಭಾನುವಾರ ಅಮ್ಮ. ಯಾವಾಗ್ಲೂ ಅದೇ ದಿನ."

"ಅಯ್ಯೋ ಮೇಷ್ಟ್ರೇ! ಅವತ್ತು ಮಹಾಲಯ ಅಮಾವಾಸ್ಯೆ ಕಣ್ರೀ!"

ಪಿತೃಗಳಿಗೆ ಎಡೆ ಇಡುವ ದಿನ. ಆ ಮಧ್ಯಾಹ್ನ ಬೀದಿಯ ಒಂದೊಂದು ಮಹಡಿಯ ಮೇಲೂ ಬಾಳೆಲೆ, ಅನ್ನದ ಉಂಡೆ, ವಡೆ. ಕಾಗೆ ಮುಟ್ಟಿದ ಮೇಲೇ ಮನೆಯವರ ಊಟ. ಊರಿನ ಕಾಗೆಗಳೆಲ್ಲ ಚಾಮರಾಜಪೇಟೆಯಲ್ಲೇ ಠಿಕಾಣಿ ಹೂಡಿದ್ದವು. ನಮ್ಮ ಮೈದುನನಿಗೆ ಮಗು ಹುಟ್ಟಿ ಪುರುಡಿನ ಮೈಲಿಗೆ ಇದ್ದುದರಿಂದ ಆ ವರ್ಷ ನಮ್ಮ ಮನೆಯಲ್ಲಿ ಮಾತ್ರ ಎಡೆಯಿರಲಿಲ್ಲ. ಮೇಷ್ಟ್ರು ಪಂಚಾಂಗ ನೋಡುವವರಲ್ಲ, ಎಣಿಸುವಾಗ ಹಕ್ಕಿ ಬಿಟ್ಟು ಎಲೆಯನ್ನೂ ನೋಡುವವರಲ್ಲ.

ಅವರ ಮುಖ ಇಳಿದುಹೋಯಿತು. ಮೂರು ದಿನ ಸರಿಯಾಗಿ ಊಟ ಮಾಡಲಿಲ್ಲ. ನನಗೆ ನಗು, ಜೊತೆಗೆ ಮರುಕ. ಅವರಿಗೆ ಆಸ್ತಿಯೆಂದು ಇದ್ದದ್ದು ಆ ಕಾರ್ಡುಗಳ ಮೇಲಿನ ನಂಬಿಕೆಯೊಂದೇ. ಒಂದು ಅಂಕಿ ಸುಳ್ಳೆಂದರೆ ಉಳಿದವನ್ನು ಯಾರು ನಂಬುತ್ತಾರೆ?

"ಸುಮ್ನಿರಿ ಮೇಷ್ಟ್ರೇ, ನಾನು ನೋಡ್ಕೋತೀನಿ" ಅಂದರು ಅತ್ತೆ. ಏನು ನೋಡಿಕೊಳ್ಳುತ್ತಾರೆಂದು ಹೇಳಲಿಲ್ಲ.

ನವೆಂಬರಿನ ಎಣಿಕೆಯ ಭಾನುವಾರ ಕಾರ್ಯದರ್ಶಿಗಳು ಬಸವನಗುಡಿಯಿಂದ ಆಟೋ ಮಾಡಿಕೊಂಡು ಬಂದರು. ತಲೆಗೆ ಹ್ಯಾಟು, ಕೊರಳಲ್ಲಿ ಲಿಂಗದ ಕರಡಿಗೆಯ ಹಾಗೆ ದುರ್ಬೀನು. ಕಡ್ಡಿ ಹಚ್ಚಿದ್ದಾಯಿತು. ಅರ್ಧ ಉರಿದರೂ ತೆಂಗಿನ ಮರದ ಮೇಲೆ ಏಳೆಂಟು ಕಾಗೆ. "ಮಿಕ್ಕಿದ್ದೆಲ್ಲಾ ಎಲ್ಲಿ ಹೋದ್ವು ಸ್ವಾಮಿ?" ಎಂದು ಅವರು ಕೇಳುವುದಕ್ಕೂ ತೊಟ್ಟಿಯ ಹಿಂದಿನಿಂದ "ಕಾ... ಕಾ..." ಎಂಬ ಕೂಗು ಏಳುವುದಕ್ಕೂ ಸರಿಹೋಯಿತು. ನೋಡಿದರೆ ನಮ್ಮ ಅತ್ತೆ! ಮುಂದೆ ದೊಡ್ಡ ತಪ್ಪಲೆಯ ತುಂಬ ಅನ್ನ, ಮೇಲೆ ತುಪ್ಪ, ಪಕ್ಕದಲ್ಲಿ ವಡೆಯ ರಾಶಿ. ನೋಡುತ್ತಿದ್ದಂತೆ ಆಕಾಶ ಕಪ್ಪಾಯಿತು. ಕಾರ್ಯದರ್ಶಿಗಳು ಸಂಭ್ರಮದಿಂದ ದುರ್ಬೀನು ಏರಿಸಿದರು. ಮೇಷ್ಟ್ರು ಒಂದು ಮಾತೂ ಆಡದೆ ಗುಂಡಿ ಒತ್ತಿದ್ದರೆ ಅವರ ಮಾನ ಉಳಿಯುತ್ತಿತ್ತು.

ಮೇಷ್ಟ್ರು ಯಂತ್ರವನ್ನು ತೊಟ್ಟಿಯ ಮೇಲಿಟ್ಟರು. "ಅಮ್ಮಾ, ಬೇಡಿ. ಕರೆದು ಬಂದ ಕಾಗೆ ಲೆಕ್ಕಕ್ಕಿಲ್ಲ" ಅಂದರು. ಆಮೇಲೆ ಕಾರ್ಯದರ್ಶಿಗಳ ಕಡೆ ತಿರುಗಿ ಅಮಾವಾಸ್ಯೆಯ ಕಥೆಯನ್ನೆಲ್ಲ ಹೇಳಿ, ಆ ತಿಂಗಳ ಅಂಕಿಯನ್ನು ಹೊಡೆದುಹಾಕಿ ಎಂದು ಕೈಮುಗಿದರು.

ಕಾರ್ಯದರ್ಶಿಗಳು ಹ್ಯಾಟು ತೆಗೆದು ತಲೆ ಕೆರೆದುಕೊಂಡರು. "ಅಲ್ರೀ, ಅವತ್ತು ನಮ್ಮನೇಲೂ ಎಡೆ ಇಟ್ಟಿದ್ವು. ವಡೆ ತಿಂದು ಮಲಗಿ, ಎದ್ದು ನಿಮ್ಮ ಕಾರ್ಡು ಓದಿದ್ದು ನಾನೇ. ನನಗೂ ಹೊಳೀಲಿಲ್ವಲ್ರೀ!" ಎಂದು ಹೊಟ್ಟೆ ಹಿಡಿದುಕೊಂಡು ನಕ್ಕರು. ಕಾಗೆ ಬಿಟ್ಟ ವಡೆಗಳನ್ನು ಎಲ್ಲರೂ ಕೂತು ತಿಂದೆವು. ಅತ್ತೆಗೆ ಮಾತ್ರ ಸಿಟ್ಟು. ಉಪಕಾರ ಮಾಡಹೋದವಳ ಮರ್ಯಾದೆ ಹೋಯಿತೆಂದು ಎರಡು ದಿನ ಮೇಷ್ಟ್ರನ್ನು ಮಾತಾಡಿಸಲಿಲ್ಲ. ಆಮೇಲೆ ಅವರೇ ಸೋತು, "ಬೆಳಿಗ್ಗೇನೇ ಬಂದು ಎಣಿಸ್ಕೊಳ್ಳಿ, ಸೀರೆಗೆ ಮಾತ್ರ ತಾಗಬೇಡಿ" ಎಂದರು. ಮಡಿಯಲ್ಲಿ ಅಷ್ಟು ಸಡಿಲ ಬಿಟ್ಟದ್ದು ಅತ್ತೆಯ ಆಯುಷ್ಯದಲ್ಲೇ ಮೊದಲು. ಮೇಷ್ಟ್ರು ಒಪ್ಪಲಿಲ್ಲ. ಹೊತ್ತು ಬದಲಾದರೆ ಹಳೆಯ ಲೆಕ್ಕಕ್ಕೂ ಹೊಸದಕ್ಕೂ ತಾಳೆಯಾಗುವುದಿಲ್ಲವಂತೆ! ಬದಲಿಗೆ ಒಂದು ಪಂಚಾಂಗ ಕೊಂಡು ಗೋಡೆಗೆ ನೇತುಹಾಕಿದರು. ನಾಸ್ತಿಕ ಮೇಷ್ಟ್ರಿಗೆ ಕೊನೆಗೂ ಬುದ್ಧಿ ಬಂತೆಂದು ಬೀದಿಯವರು ಸಂತೋಷಪಟ್ಟರು.

ಎಂಬತ್ತರ ದಶಕದ ಕೊನೆಯಲ್ಲಿ ಮೇಷ್ಟ್ರು ತೀರಿಕೊಂಡರು. ಯಾರೋ ಅಣ್ಣನ ಮಗ ಬಂದು ಸಾಮಾನು ಸಾಗಿಸಿದ. ಯಂತ್ರವೂ ಅದರಲ್ಲೇ ಹೋಗಿರಬೇಕು... ಆ ವರ್ಷದ ಮಹಾಲಯಕ್ಕೆ ಅತ್ತೆ ನಮ್ಮ ಹಿರಿಯರ ಉಂಡೆಗಳನ್ನಿಟ್ಟು "ಕಾ ಕಾ" ಎಂದು ಕೂಗಿಸಿದರು. ಆಮೇಲೆ ತೊಟ್ಟಿಯ ಪಕ್ಕ ಇನ್ನೊಂದು ಉಂಡೆ ಇಟ್ಟು, ಊದುಬತ್ತಿ ಹಚ್ಚಿ, ತುಟಿಯ ಮೇಲೆ ಬೆರಳಿಟ್ಟರು. "ಮೇಷ್ಟ್ರದ್ದು. ಕರೀಬೇಡಿ" ಅಂದರು. ಕಡ್ಡಿ ಮುಗಿಯುವ ಮೊದಲೇ ಕಾಗೆ ಬಂತು. ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡರು. ಅತ್ತೆಯೂ ಹೋದ ಮೇಲೆ ಆ ಕೆಲಸ ನನ್ನದಾಯಿತು.

ಈಗ ಬೀದಿಯಲ್ಲಿ ತೆಂಗಿನ ಮರಗಳಿಲ್ಲ. ಈ ಸಲದ ಮಹಾಲಯಕ್ಕೆ ಮಗ ಗಂಟಲು ಕಟ್ಟುವವರೆಗೂ ಕೂಗಿದ ಮೇಲೆ ಒಂದು ಕಾಗೆ ಬಂದು ಮನೆಯ ಎಡೆ ಮುಟ್ಟಿ ಹೋಯಿತು. ಎಲ್ಲರೂ ಊಟಕ್ಕಿಳಿದರು. ನಾನೊಬ್ಬಳೇ ತೊಟ್ಟಿಯ ಪಕ್ಕ ಮೇಷ್ಟ್ರ ಉಂಡೆ ಇಟ್ಟು, ಕಡ್ಡಿ ಹಚ್ಚಿ, ಅವೆನ್ಯೂ ರಸ್ತೆಯ ಯಂತ್ರ ಹಿಡಿದು ನಿಂತೆ. ಕಡ್ಡಿ ಉರಿಯಿತು, ಬೂದಿ ಬಾಗಿತು, ಉದುರಿತು. ಆಕಾಶ ಖಾಲಿ. ಕಡ್ಡಿ ಆರಿ ಇನ್ನೇನು ತಿರುಗಬೇಕು, ಒಂದು ಕಾಗೆ ಬಂದು ಗೋಡೆಯ ಮೇಲೆ ಕೂತಿತು. ನನ್ನನ್ನು ಓರೆಗಣ್ಣಿನಲ್ಲಿ ನೋಡಿ, ನಿಧಾನವಾಗಿ ಉಂಡೆಗೆ ಬಾಯಿಟ್ಟಿತು.

ಹೆಬ್ಬೆರಳು ಗುಂಡಿಯ ಮೇಲೇ ಇತ್ತು. ಒಮ್ಮೆ ಒತ್ತಿಬಿಡೋಣವೆಂದು ಎಷ್ಟು ಆಸೆಯಾಯಿತೆಂದರೆ ಕಣ್ಣು ಮಂಜಾಯಿತು. ಒತ್ತಲಿಲ್ಲ. ಕಡ್ಡಿ ಆರಿದ ಮೇಲೆ ಬಂದದ್ದನ್ನು ಸೇರಿಸಿದ್ದರೆ ಮೇಷ್ಟ್ರು ಆ ಉಂಡೆಯನ್ನೇ ಒಪ್ಪುತ್ತಿರಲಿಲ್ಲ.