ಕಾಯಿಲ್ ಮೇಸ್ತ್ರಿಯ ಎದೆಬಡಿತ

ನನ್ನ ಭಾವ, ಅಂದರೆ ಅಕ್ಕನ ಗಂಡ, ಮೂವತ್ತೆರಡು ವರ್ಷದಿಂದ ಸುಟ್ಟ ಮೋಟಾರುಗಳಿಗೆ ಕಾಯಿಲ್ ಕಟ್ಟುತ್ತಿದ್ದಾರೆ. ಊರಲ್ಲಿ ಅವರಿಗೆ ಕಾಯಿಲ್ ಮೇಸ್ತ್ರಿ ಎಂದೇ ಹೆಸರು. ನಾನು ದರ್ಜಿ. ನಮ್ಮಿಬ್ಬರ ಅಂಗಡಿಗೂ ನಡುವೆ ಒಂದೇ ಗೋಡೆ. ಅತ್ತ ಅವರು ತಾಮ್ರದ ತಂತಿ ಸುತ್ತುತ್ತಾರೆ, ಇತ್ತ ನಾನು ಬಾಬಿನ್ನಿಗೆ ದಾರ ಸುತ್ತುತ್ತೇನೆ. ನನ್ನ ಕೆಲಸ ಕೆಟ್ಟರೆ ಗಿರಾಕಿ ಬೈಯುತ್ತಾನೆ. ಅವರ ಕೆಲಸ ಕೆಟ್ಟರೆ ಒಂದು ಬೀದಿಗೆ ನೀರು ಬರುವುದಿಲ್ಲ. ಈ ಕಾರಣಕ್ಕೆ ಅವರಿಗೆ ನನಗಿಂತ ಮರ್ಯಾದೆ ಹೆಚ್ಚು, ಅದರ ಬಗ್ಗೆ ನನಗೇನೂ ಬೇಜಾರಿಲ್ಲ, ಸುಮ್ಮನೆ ಹೇಳಿದೆ.

ಭಾವ ಮಾತಾಡುವುದು ಕಡಿಮೆ. ಮದುವೆಯ ದಿನವೇ ಆ ಖಾತೆಯನ್ನು ಅಕ್ಕನಿಗೆ ವಹಿಸಿಕೊಟ್ಟವರು, ಆಮೇಲೆ ವಾಪಸ್ ಕೇಳಲಿಲ್ಲ. ಮೋಟಾರು ಬಂದರೆ ಮೊದಲು ಮೂಸಿ ನೋಡುತ್ತಾರೆ. ಆಮೇಲೆ ಹಳೆಯ ಕಾಯಿಲ್ ಕಿತ್ತು, ಸುತ್ತು ಎಣಿಸಿ, ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಬರೆದುಕೊಳ್ಳುತ್ತಾರೆ. ಹೊಸದು ಕಟ್ಟಿ, ವಾರ್ನಿಷ್ ಒಣಗಿಸಿ, ಮೋಟಾರು ಓಡಿಸಿದಾಗ ಅದರ ಮೇಲೆ ಎದೆ ತಾಗುವಷ್ಟು ಬಗ್ಗಿ ಸದ್ದು ಕೇಳುತ್ತಾರೆ. ಸರಿಯಿದ್ದರೆ "ಹೂಂ" ಅನ್ನುತ್ತಾರೆ. ಆ ಹೂಂ ಕೇಳಿಸಿಕೊಳ್ಳಲು ಜನ ಪಕ್ಕದ ಊರಿಂದ ಮೋಟಾರು ಹೊತ್ತು ತರುತ್ತಾರೆ.

ಅವರ ಅಂಗಿ ಹೊಲಿಯುವವನು ನಾನೇ. ಬಗ್ಗಿದಾಗ ಜೇಬಿನ ಸಾಮಾನು ಉದುರುತ್ತದೆಂದು ಎಡಜೇಬನ್ನು ಎಲ್ಲರದ್ದಕ್ಕಿಂತ ನಾಲ್ಕು ಬೆರಳು ಮೇಲೆ, ಎರಡು ಪದರ ಬಟ್ಟೆಯಲ್ಲಿ, ಗುಂಡಿಯಿರುವ ಮುಚ್ಚಳ ಇಟ್ಟು ಹೊಲಿಯುತ್ತೇನೆ. ಆ ಜೇಬಲ್ಲಿ ಕನ್ನಡಕ, ಒಂದು ಪೆನ್ಸಿಲ್, ಮತ್ತೆ ಹಳೆಯ ಸ್ಪೀಕರಿನಿಂದ ಕಿತ್ತ ಅಯಸ್ಕಾಂತದ ಬಿಲ್ಲೆ. ನೆಲಕ್ಕೆ ಬಿದ್ದ ಸ್ಕ್ರೂ ಹೆಕ್ಕುವುದಕ್ಕೆ ಅದು. ಅದನ್ನು ಎಲ್ಲರೂ ಜಿಗಣೆ ಅನ್ನುತ್ತೇವೆ. ನಿನ್ನೆಯ ಅಂಗಿಯಿಂದ ಇವತ್ತಿನ ಅಂಗಿಗೆ ಈ ಮೂರನ್ನೂ ದಾಟಿಸಿ ಗುಂಡಿ ಹಾಕಿಡುವುದು ಅಕ್ಕನ ಬೆಳಗಿನ ಮೊದಲ ಕೆಲಸ. ಮದುವೆಯಾಗಿ ಮೂವತ್ತೊಂದು ವರ್ಷ, ಒಂದು ದಿನವೂ ತಪ್ಪಿಲ್ಲ.

ಹೋದ ವರ್ಷ ಒಂದು ಮಧ್ಯಾಹ್ನ ಭಾವ ಮೋಟಾರಿನ ಮೇಲೆ ಬಗ್ಗಿದವರು ಹಾಗೇ ಅದರ ಮೇಲೆ ಮಲಗಿಬಿಟ್ಟರು. ಎದೆ ನಡುನಡುವೆ ಬಡಿಯುವುದನ್ನೇ ಮರೆಯುತ್ತಿದೆ ಎಂದರು ಆಸ್ಪತ್ರೆಯಲ್ಲಿ. ಎಡಗಡೆ ಕೊರಳೆಲುಬಿನ ಕೆಳಗೆ, ಚರ್ಮದಡಿಯಲ್ಲಿ, ಪೇಸ್‌ಮೇಕರ್ ಇಟ್ಟರು. ಎಚ್ಚರವಾದ ಮೇಲೆ ಭಾವ ಕೇಳಿದ ಮೊದಲ ಪ್ರಶ್ನೆ, "ಇದರಲ್ಲಿ ಸುತ್ತು ಎಷ್ಟಿದೆ?" ಇದು ಮೋಟಾರಲ್ಲ, ಬ್ಯಾಟರಿಯಲ್ಲಿ ನಡೆಯುವ ಯಂತ್ರ ಎಂದರು ಡಾಕ್ಟರು. ಭಾವನಿಗೆ ಅದರ ಮೇಲಿದ್ದ ಗೌರವ ಸ್ವಲ್ಪ ಇಳಿಯಿತು.

ಅಂಗಡಿಗೆ ಹೋಗಬಹುದು, ವೆಲ್ಡಿಂಗ್ ಬೇಡ, ಓಡುವ ಮೋಟಾರಿನಿಂದ ಒಂದು ತೋಳಿನ ದೂರದಲ್ಲಿರಬೇಕು ಎಂದು ಡಾಕ್ಟರು ಹೇಳಿ, ಒಂದು ಪುಸ್ತಿಕೆ ಕೊಟ್ಟರು. ಅದನ್ನು ಓದಿ ಹೇಳುವ ಜವಾಬ್ದಾರಿ ನನಗೆ ಬಂತು. ಮೊಬೈಲು ಎಡಜೇಬಲ್ಲಿ ಬೇಡ, ಇಂಡಕ್ಷನ್ ಒಲೆಯಿಂದ ಎರಡಡಿ ದೂರ, ಟಿವಿ ಫ್ರಿಜ್ಜು ಮಿಕ್ಸಿಯಿಂದ ಏನೂ ತೊಂದರೆಯಿಲ್ಲ ಎಂದೆಲ್ಲ ಇತ್ತು. ಕೊನೆಯ ಪುಟದಲ್ಲಿ ಅಯಸ್ಕಾಂತಗಳು ಎಂದೊಂದು ತಲೆಬರಹ ಬಂತು. "ಇದು ನಮಗಲ್ಲ ಬಿಡು, ಕಾರ್ಖಾನೆಯವರಿಗೆ," ಎಂದು ಪುಸ್ತಿಕೆ ಮಡಚಿದವನು ನಾನು. ಅದನ್ನು ಇವತ್ತಿಗೂ ನೆನೆಸಿಕೊಂಡರೆ ನನಗೆ ನನ್ನ ಮೇಲೆಯೇ ಸಿಟ್ಟು ಬರುತ್ತದೆ.

ತೊಂದರೆಯಿಲ್ಲ ಎಂಬ ಮಾತನ್ನು ಅಕ್ಕ ಯಾವತ್ತೂ ನಂಬಿದವಳಲ್ಲ. ಟಿವಿ ನಮ್ಮ ಮನೆಗೆ ಬಂತು. ಮಿಕ್ಸಿ ಹಾಕುವಾಗ ಭಾವ ಹೊರಗಿನ ಮೆಟ್ಟಿಲ ಮೇಲೆ ಕೂರಬೇಕು. ಫೋನು ಕಪಾಟಿನೊಳಗೆ, ಯಾರಾದರೂ ಕರೆ ಮಾಡಿದರೆ ಕಪಾಟೇ ಮಾತಾಡಿದ ಹಾಗೆ ಕೇಳುತ್ತಿತ್ತು. ಗೋಡೆ ಗಡಿಯಾರದ ಬ್ಯಾಟರಿಯನ್ನೂ ತೆಗೆದಳು. ಫ್ರಿಜ್ಜಿಗೆ ಮಾತ್ರ ವಿನಾಯಿತಿ, ಹಾಲು ಒಡೆಯುತ್ತದಲ್ಲ. ಭಾವ ಯಾವುದಕ್ಕೂ ಎದುರಾಡಲಿಲ್ಲ. ಒಂದೂವರೆ ತಿಂಗಳ ಮೇಲೆ ಒಂದು ಬೆಳಿಗ್ಗೆ ಅಂಗಿ ಹಾಕಿಕೊಂಡು ಅಂಗಡಿಗೆ ಬಂದರು.

ಆ ದಿನವೇ ಶುರುವಾಯಿತು. ಎದೆ ಡವಡವ ಎಂದು ಒಂದೇ ಸಮನೆ ಹೊಡೆದುಕೊಳ್ಳುವುದು, ತಲೆ ಹಗುರಾಗುವುದು. ಸಂಜೆ ಮನೆಗೆ ಬಂದು ಅಂಗಿ ಬಿಚ್ಚಿ ಬನಿಯನ್ನಿನಲ್ಲಿ ಕೂತರೆ ಎಲ್ಲ ಸರಿ. ಭಾನುವಾರ ಇಡೀ ದಿನ ಸರಿ. ಅಕ್ಕ ಕ್ಯಾಲೆಂಡರಿನಲ್ಲಿ ಗುರುತು ಹಾಕತೊಡಗಿದಳು, ಅಂಗಡಿಯ ದಿನಕ್ಕೆ ಕೆಂಪು, ಮನೆಯ ದಿನಕ್ಕೆ ಹಸಿರು. ಒಂದು ಬುಧವಾರ ಬೇಕೆಂದೇ ಮನೆಯಲ್ಲಿ ಕೂರಿಸಿ ನೋಡಿದಳು. ಹಸಿರು. ಅಷ್ಟು ಶಿಸ್ತಾಗಿ ಲೆಕ್ಕ ಇಟ್ಟವರನ್ನು ನಾನು ನೋಡಿಲ್ಲ. ಲೆಕ್ಕದಲ್ಲಿ ಒಂದು ಕಡೆಯೂ ತಪ್ಪಿರಲಿಲ್ಲ.

"ಅಂಗಡಿ ಮೇನ್ ಸ್ವಿಚ್ ಆಫ್ ಮಾಡಿ ಕೂತು ನೋಡೋಣ," ಎಂದೆ ನಾನು. ನೋಡಿದೆವು. ಕತ್ತಲಲ್ಲಿ ಕೂತರೂ ಡವಡವ.

"ಮೂವತ್ತು ವರ್ಷದ ಕರೆಂಟು ಕಣೋ," ಎಂದಳು ಅಕ್ಕ. "ಗೋಡೆಗೆಲ್ಲ ಇಳಿದುಬಿಟ್ಟಿದೆ."

"ಬೆಳಿಗ್ಗೆ ಮನೇಲೇ, ಅಂಗಿ ಹಾಕ್ಕೊಳ್ಳುವಾಗಲೇ ಶುರುವಾಗತ್ತಲ್ಲ," ಎಂದರು ಭಾವ.

"ಅಂಗಡಿ ನೆನೆಸ್ಕೊಂಡ್ರೆ ಸಾಕು, ಶುರು ಆಗತ್ತೆ ಅಂತ ಅದರರ್ಥ."

ಆಸ್ಪತ್ರೆಗೆ ಫೋನ್ ಮಾಡೋಣವೆಂದರೆ ಭಾವ ಒಪ್ಪಲಿಲ್ಲ. ಹೇಳಿದರೆ ಅಂಗಡಿ ಮುಚ್ಚಿಸುತ್ತಾರೆಂಬ ಹೆದರಿಕೆ. ಹೇಗೂ ತಿಂಗಳ ಕೊನೆಯ ಬುಧವಾರ ತಪಾಸಣೆ ಇದೆ, ಆಗ ನೋಡೋಣ ಎಂದರು. ಅಕ್ಕ ಅಷ್ಟು ದಿನ ಕಾಯುವವಳಲ್ಲ. ಭಾವನನ್ನು ಮನೆಯಲ್ಲಿ ಕೂರಿಸಿ, ಅಂಗಡಿ ಮಾರಿಬಿಡುವುದೆಂದು ತೀರ್ಮಾನಿಸಿದಳು. ಕೊಳ್ಳುವವನನ್ನು ಹುಡುಕಿಕೊಟ್ಟವನೂ ನಾನೇ. ಹಿಂದಿನ ಬೀದಿಯಲ್ಲಿ ಮೊಬೈಲ್ ಅಂಗಡಿ ಇಟ್ಟವನು. ತಪಾಸಣೆಯ ಮರುದಿನ, ಗುರುವಾರ ಹನ್ನೊಂದಕ್ಕೆ ಪತ್ರಕ್ಕೆ ಸಹಿ ಎಂದಾಯಿತು.

ಆ ಎರಡು ವಾರ ಭಾವನನ್ನು ನೋಡಲು ಆಗುತ್ತಿರಲಿಲ್ಲ. ಕೂತಲ್ಲೇ ಬೆರಳುಗಳು ಇಲ್ಲದ ತಂತಿ ಸುತ್ತುತ್ತಿದ್ದವು. ಒಂದು ಸಂಜೆ ಮೆಟ್ಟಿಲ ಮೇಲೆ, ಒಳಗೆ ಮಿಕ್ಸಿ ತಿರುಗುತ್ತಿದ್ದಾಗ, ಅವರಾಗಿಯೇ ಮಾತಾಡಿದರು. "ಮನೇಲಿದ್ರೆ ಎದೆ ಸರಿಯಾಗೇ ಹೊಡ್ಕೊಳ್ಳತ್ತೆ ಕಣೋ. ಆದ್ರೆ ಯಾಕೆ ಹೊಡ್ಕೋಬೇಕು ಅಂತ ಗೊತ್ತಾಗಲ್ಲ."

ನಿಮ್ಮ ಅಂಗಿಗಳೆಲ್ಲ ಈಗ ಸಡಿಲವಾಗಿರುತ್ತವೆ, ಹಿಡಿದುಕೊಡುತ್ತೇನೆ ಎಂದೆ.

ಬುಧವಾರ ಮೂವರೂ ಆಸ್ಪತ್ರೆಗೆ ಹೋದೆವು. ಭಾವನ ಹತ್ತಿರ ಹೊರಗೆ ಹಾಕುವುದಕ್ಕೆ ಇರುವುದೆಲ್ಲ ನಾನು ಹೊಲಿದ ಅಂಗಿಗಳೇ, ಅಕ್ಕ ಬೆಳಿಗ್ಗೆ ಒಂದನ್ನು ಎಂದಿನಂತೆ ಸಜ್ಜು ಮಾಡಿಟ್ಟಿದ್ದಳು. ಕಾಯುವ ಕೋಣೆಯಲ್ಲೇ ಡವಡವ ಹತ್ತಿಕೊಂಡಿತು. "ಇಲ್ಲೂ ಎಷ್ಟೊಂದು ಯಂತ್ರ ಇದಾವೆ ನೋಡು," ಎಂದಳು ಅಕ್ಕ.

ಒಳಗೆ ಪೇಸ್‌ಮೇಕರ್ ನೋಡುವ ಹುಡುಗಿ ಭಾವನ ಅಂಗಿ ಬಿಚ್ಚಿಸಿ ಮಲಗಿಸಿದಳು. ಅಂಗಿಯನ್ನು ನಾನು ಗ್ಲೂಕೋಸ್ ಬಾಟ್ಲಿ ತೂಗುಹಾಕುವ ಕಬ್ಬಿಣದ ಸ್ಟ್ಯಾಂಡಿಗೆ ನೇತುಹಾಕಿದೆ. ಹುಡುಗಿ ಪರದೆ ನೋಡಿ, ಎಲ್ಲ ಚೆನ್ನಾಗಿದೆ ಎಂದಳು. ಆಮೇಲೆ ಬಳೆಯ ಆಕಾರದ ಒಂದು ದಪ್ಪ ವಸ್ತುವನ್ನು ಕೈಗೆತ್ತಿಕೊಂಡಳು.

"ಅಂಕಲ್, ಈಗ ಎದೆ ಮೇಲೆ ಅಯಸ್ಕಾಂತ ಇಡ್ತೀನಿ. ಬ್ಯಾಟರಿ ಪರೀಕ್ಷೆ ಅಷ್ಟೆ. ಒಂದು ನಿಮಿಷ ಜೋರಾಗಿ ಹೊಡ್ಕೊಳ್ಳತ್ತೆ, ಹೆದರ್ಬೇಡಿ."

ಇಟ್ಟಳು. ಭಾವ ಚಾವಣಿ ನೋಡುತ್ತಾ ಮಲಗಿದ್ದವರು ನಿಧಾನವಾಗಿ ತಲೆ ತಿರುಗಿಸಿದರು.

"ಇದೇ," ಎಂದರು. "ಇದೇ ಅಂಗಡಿ."

"ಯಾವ ಅಂಗಡಿ?"

"ಅಂಗಡೀಲಿ ಆಗೋದು ಇದೇ."

ಹುಡುಗಿ ಅಯಸ್ಕಾಂತ ಎತ್ತಿದಳು. ನಿಂತಿತು. ಮತ್ತೆ ಇಟ್ಟಳು. ಶುರುವಾಯಿತು. "ಅಂಗಡೀಲಿ ಎದೆ ಹತ್ರ ಅಯಸ್ಕಾಂತ ಏನಾದ್ರೂ ಇಟ್ಕೊಳ್ತೀರಾ?" ಎಂದು ಕೇಳಿದಳು. ನಾನು ಅಂಗಿಯ ಕಡೆ ನೋಡಿದೆ. ಅಂಗಿ ನೇತಾಡುತ್ತಿರಲಿಲ್ಲ. ಎಡಜೇಬು ಸ್ಟ್ಯಾಂಡಿನ ಕಂಬಿಯನ್ನು ಬಿಗಿಯಾಗಿ ಕಚ್ಚಿಕೊಂಡು ನಿಂತಿತ್ತು.

ಹುಡುಗಿ ಹೋಗಿ ಅದನ್ನು ಕಿತ್ತಳು. ಗುಂಡಿ ಬಿಚ್ಚಿ ಜಿಗಣೆಯನ್ನು ಹೊರತೆಗೆದು ಅಂಗೈಯಲ್ಲಿ ಇಟ್ಟುಕೊಂಡಳು. "ಇದನ್ನ ಇಲ್ಲಿ ಇಟ್ಟಿದ್ದು ಯಾರು?"

ನಾಲ್ಕು ಬೆರಳು ಮೇಲಕ್ಕೆ ಜೇಬು ಹೊಲಿದವನು, ಪುಸ್ತಿಕೆಯ ಕೊನೆಯ ಪುಟ ಮಡಚಿದವನು, ನೆಲ ನೋಡುತ್ತಾ ನಿಂತೆ. ಅಕ್ಕನ ಮುಖ ಬಿಳಿಚಿತ್ತು.

"ನಾನೇ," ಎಂದರು ಭಾವ. "ಕೆಲಸದವರಲ್ವಾ, ಅಭ್ಯಾಸ."

ಬಿಲ್ಲೆ ಎದೆಯಿಂದ ದೂರವಿರಲಿ, ಮಿಕ್ಕದ್ದೆಲ್ಲ ಡಾಕ್ಟರು ಮೊದಲು ಹೇಳಿದಂತೆಯೇ, ಅಂಗಡಿಗೆ ಹೋಗಬಹುದು ಎಂದು ಹುಡುಗಿ ಕಳಿಸಿದಳು. ಮನೆಯವರೆಗೆ ಅಕ್ಕ ಒಂದು ಮಾತೂ ಆಡಲಿಲ್ಲ. ಅವಳು ಸುಮ್ಮನಿದ್ದದ್ದು ನನ್ನ ನೆನಪಲ್ಲಿ ಅದೇ ಮೊದಲು, ನನಗೆ ನಿಜಕ್ಕೂ ಭಯವಾಯಿತು. ನಾಳೆಯ ಸಹಿಯ ವಿಷಯ ಯಾರೂ ಎತ್ತಲಿಲ್ಲ. ಅಕ್ಕ ಒಮ್ಮೆ ತೀರ್ಮಾನ ಮಾಡಿದ್ದನ್ನು ಬದಲಿಸಿದ್ದನ್ನು ನಾವಿಬ್ಬರೂ ಕಂಡಿರಲಿಲ್ಲ.

ಗುರುವಾರ ಹನ್ನೊಂದಕ್ಕೆ ಮೊಬೈಲ್ ಅಂಗಡಿಯವನು ಪತ್ರ ಹಿಡಿದು ಬಂದ. ಭಾವ ಖಾಲಿ ಜೇಬಿನ ಅಂಗಿಯಲ್ಲಿ ಕುರ್ಚಿಯ ತುದಿಯಲ್ಲಿ ಕೂತಿದ್ದರು, ಪೆನ್ನು ಎದುರಿಗಿತ್ತು. ಅಕ್ಕ ಬಾಗಿಲಲ್ಲಿ ಬಂದು ನಿಂತಳು.

"ಅಂಗಡಿ ಕೊಡಲ್ಲಪ್ಪ," ಎಂದಳು.

"ಯಾಕಮ್ಮಾ, ಮಾತಾಗಿತ್ತಲ್ಲ. ಅಂಗಡೀಲಿ ಕೂತ್ರೆ ಇವರಿಗೆ ಆಗಲ್ಲ ಅಂದಿದ್ರಿ."

"ಅಂಗಡಿಯದ್ದು ಏನೂ ತಪ್ಪಿಲ್ಲ. ದಿನಾ ಬೆಳಿಗ್ಗೆ ಆ ಅಯಸ್ಕಾಂತ ತಗೊಂಡು ಇವರ ಎದೆ ಮೇಲೆ ಇಡ್ತಾ ಇದ್ದವಳು ನಾನು. ಇವರು ಆಸ್ಪತ್ರೇಲಿ ಸುಳ್ಳು ಹೇಳಿದ್ರು." ಸೆರಗಿಗೆ ಕೈ ಒರೆಸಿಕೊಂಡಳು. "ತಪ್ಪು ನಂದು."

ಬಂದವನು ತಲೆಬುಡ ಅರ್ಥವಾಗದೆ ಪತ್ರ ಮಡಚಿಕೊಂಡು ಹೋದ. ಅಕ್ಕ ಒಳಗೆ ಹೋಗಿ ಪಾತ್ರೆಗಳನ್ನು ಬೇಕಾದ್ದಕ್ಕಿಂತ ಜೋರಾಗಿ ತೊಳೆಯತೊಡಗಿದಳು. ಭಾವ ಎದ್ದು, ಎಲ್ಲಿ ಹೋಗಬೇಕೆಂದು ಗೊತ್ತಾಗದವರಂತೆ ಒಂದು ಗಳಿಗೆ ನಿಂತು, ಅಂಗಡಿಯ ಬೀಗದ ಕೈ ತೆಗೆದುಕೊಂಡರು.

ಮೂರು ತಿಂಗಳ ಮೇಲೆ ಮತ್ತೆ ತಪಾಸಣೆ. ಅದೇ ಹುಡುಗಿ. ಪೇಸ್‌ಮೇಕರ್ ತನ್ನೊಳಗೆ ಎಲ್ಲ ಬರೆದಿಟ್ಟುಕೊಳ್ಳುತ್ತದೆಂದು ನಮಗೆ ಅವತ್ತೇ ತಿಳಿದದ್ದು. ಅವಳು ಪರದೆಯ ಮೇಲೆ ಒಂದು ಕಡೆ ಬೆರಳಿಟ್ಟಳು.

"ಹೋದ ಸಲ ನೀವು ಬಂದುಹೋದ ಮಾರನೇ ದಿನ, ಹನ್ನೊಂದು ಗಂಟೆ ಹೊತ್ತಿಗೆ ಎದೆ ಸಿಕ್ಕಾಪಟ್ಟೆ ಓಡಿದೆ ಅಂಕಲ್. ಯಂತ್ರ ಓಡಿಸಿದ್ದಲ್ಲ, ನಿಮ್ಮ ಎದೆ ತಾನಾಗೇ ಓಡಿದ್ದು. ಓಡ್ತಿದ್ರಾ, ಭಾರ ಎತ್ತಿದ್ರಾ?"

"ಇಲ್ಲ. ಕುರ್ಚೀಲಿ ಕೂತಿದ್ದೆ."

"ಮತ್ತೆ?"

ಭಾವ ಅಕ್ಕನ ಕಡೆ ನೋಡಲಿಲ್ಲ. "ಇವಳು ತಪ್ಪು ನಂದು ಅಂದ್ಲು," ಎಂದರು.

ಹುಡುಗಿ ಪೆನ್ನು ಹಿಡಿದುಕೊಂಡು ಕಾಗದವನ್ನು ಮೇಲಿಂದ ಕೆಳಗೆ ನೋಡಿದಳು. ಅದನ್ನು ಬರೆಯಲು ಫಾರಮ್ಮಿನಲ್ಲಿ ಜಾಗ ಇರಲಿಲ್ಲವೆಂದು ಕಾಣುತ್ತದೆ. "ಆಮೇಲೆ ಮತ್ತೆ ಯಾವಾಗಾದ್ರೂ ಆಗಿದೆಯಾ?" ಎಂದು ಕೇಳಿದಳು.

ಭಾವ ಬಾಯಿ ತೆರೆಯುವ ಮೊದಲೇ ಅಕ್ಕ ಅವರ ಅಂಗಿ ಎತ್ತಿಕೊಂಡು, ಜೇಬೊಳಗೆ ಕೈ ಹಾಕಿ ನೋಡಿ, ತೋಳು ತೂರಿಸಿಕೊಳ್ಳಲು ಹಿಡಿದು ನಿಂತಿದ್ದಳು.

"ಇಲ್ಲಮ್ಮ," ಎಂದಳು. "ಒಂದ್ಸಲ ಸಾಕು. ಇವರ ಎದೆ ತಡ್ಕೊಳ್ಳಲ್ಲ."