ಜ್ಯೂಸ್ ಕವರಿನ ಹತ್ತು ಮಿಲಿಗ್ರಾಂ

ಬೆಳಿಗ್ಗೆ ಹತ್ತು ಗಂಟೆ ಇಪ್ಪತ್ತಮೂರು ನಿಮಿಷಕ್ಕೆ ಲ್ಯಾಬ್ ಮೇಡಂ ಗಾಜಿನ ಬಟ್ಟಲನ್ನು ಮೂರನೆಯ ಸಲ ತಕ್ಕಡಿಯ ಮೇಲಿಟ್ಟರು. ತಕ್ಕಡಿ ಮಾತು ಬದಲಿಸಲಿಲ್ಲ: ಹನ್ನೊಂದು ಪಾಯಿಂಟ್ ಎಂಟು ಮಿಲಿಗ್ರಾಂ.

ಅದು ಜ್ಯೂಸ್ ತುಂಬುವ ಪ್ಲಾಸ್ಟಿಕ್ ಹಾಳೆಯ ಪರೀಕ್ಷೆ. ಅಂಗೈಯಗಲದ ತುಂಡನ್ನು ಹತ್ತು ದಿನ ಹುಳಿನೀರಿನಲ್ಲಿ ನೆನೆಸಿ, ಆ ನೀರನ್ನು ಬಟ್ಟಲಿನಲ್ಲಿ ಇಂಗಿಸಿ, ಉಳಿದದ್ದನ್ನು ಬಟ್ಟಲಿನ ಸಮೇತ ತೂಗಿ, ಖಾಲಿ ಬಟ್ಟಲಿನ ತೂಕ ಕಳೆಯಬೇಕು. ಹಾಳೆಯಿಂದ ಜ್ಯೂಸಿಗೆ ಏನೆಷ್ಟು ಇಳಿಯುತ್ತದೆ ಎಂಬುದು ಗೊತ್ತಾಗುವುದು ಹಾಗೆ. ನಿಯಮದ ಮಿತಿ ಹತ್ತು ಮಿಲಿಗ್ರಾಂ. ದಾಟಿತೋ, ಇಡೀ ಸರಕು ಗುಜರಿಗೆ.

ಮೇಡಂಗೆ ಈ ನಿಯಮ ಮನೆಯಲ್ಲೂ ನಿಯಮವೇ. ಗಂಡ ಒಮ್ಮೆ ತೆಳು ಕವರಿನಲ್ಲಿ ಬಿಸಿ ಚಹಾ ಕಟ್ಟಿಸಿಕೊಂಡು ಬಂದಾಗ ಬಾಗಿಲಲ್ಲೇ ತಡೆದು, ಯಾವ ಪ್ಲಾಸ್ಟಿಕ್, ಎಷ್ಟು ಶಾಖ, ಎಷ್ಟು ಹೊತ್ತು ಎಂದು ವಿಚಾರಣೆ ನಡೆಸಿದ್ದರು. ವಿಚಾರಣೆ ಮುಗಿಯುವಷ್ಟರಲ್ಲಿ ಚಹಾ ತಣ್ಣಗಾಗಿತ್ತು. ಅಂದಿನಿಂದ ಆ ಮನುಷ್ಯ ಸ್ಟೀಲ್ ಡಬ್ಬಿ ಇಲ್ಲದೆ ಹೊಸ್ತಿಲು ದಾಟಿದವರಲ್ಲ.

ಈ ಸರಕನ್ನು ತೆಗೆದದ್ದು ಹಳೆಯ ಮೆಷಿನ್ನಿನ ಆಪರೇಟರ್. ನಿವೃತ್ತಿಗೆ ಎರಡು ವರ್ಷ ಬಾಕಿ. ಶಾಖ ಹೆಚ್ಚುಕಡಿಮೆ ಮಾಡಿರಬೇಕು, ಕೆಲಸದಿಂದ ತೆಗೆದುಬಿಡೋಣ ಎಂದು ಮ್ಯಾನೇಜರ್ ಆಗಲೇ ಪತ್ರ ಟೈಪ್ ಮಾಡಿಸಿದ್ದರು. ಸುದ್ದಿ ತಿಳಿದು ಆತ ಲ್ಯಾಬಿನ ಬಾಗಿಲಿಗೆ ಬಂದು ನಿಂತರು.

"ಮೇಡಂ, ಮೂವತ್ತು ವರ್ಷ ಆ ಮೆಷಿನ್ ಜೊತೆ ಸಂಸಾರ ಮಾಡಿದೀನಿ. ಅದು ನನ್ನ ಮಾತು ಮೀರಲ್ಲ. ನಿಮ್ಮ ಬಟ್ಟಲನ್ನ ಒಂಚೂರು ವಿಚಾರಿಸಿ."

"ಬಟ್ಟಲು ಸುಳ್ಳು ಹೇಳಲ್ಲ ಅಣ್ಣ."

"ಸರಿ, ಹೇಳಲ್ಲ. ಅದನ್ನ ಹಿಡ್ಕೊಂಡಿರೋ ಕೈ?"

ಮೇಡಂಗೆ ಮೈಯೆಲ್ಲ ಉರಿಯಿತು. ಉರಿಯುತ್ತಲೇ ಕೈ ನೋಡಿಕೊಂಡರು. ಕೈ ಮಿರಮಿರ ಮಿಂಚುತ್ತಿತ್ತು. ಗಾಜು ತೊಳೆದು ತೊಳೆದು ಬಿರಿದ ಆ ಕೈಗೆಂದು ಗಂಡ ಮೊನ್ನೆ ತಾನೇ ಕ್ರೀಮು ತಂದುಕೊಟ್ಟಿದ್ದರು. ಬೆಳಿಗ್ಗೆ ಚಿಮಟ ಸಿಗಲಿಲ್ಲವೆಂದು ಬಟ್ಟಲನ್ನು ಬರಿಗೈಯಲ್ಲೇ ಎತ್ತಿದ್ದು ನೆನಪಾಯಿತು. ಮಗುಚಿ ನೋಡಿದರೆ ಬಟ್ಟಲಿನ ತಳದಲ್ಲಿ ಅವರದೇ ಹೆಬ್ಬೆಟ್ಟು, ರೇಖೆ ಸಮೇತ.

ಒರೆಸಿ ತೂಗಿದರೆ ಆಗದೇ ಎಂದರು ವಿಷಯ ತಿಳಿದು ಬಂದ ಮ್ಯಾನೇಜರ್. ಆಗದು, ಕೆಟ್ಟ ಪರೀಕ್ಷೆ ಕೆಟ್ಟದ್ದೇ, ಮೊದಲಿನಿಂದ ಮಾಡಬೇಕು, ಅಲ್ಲಿಯವರೆಗೆ ಪತ್ರ ಮೇಜಿನಲ್ಲೇ ಇರಲಿ ಎಂದರು ಮೇಡಂ. ಮನೆಯಲ್ಲಿ ಕ್ರೀಮಿನ ಡಬ್ಬಿ ಅಟ್ಟ ಸೇರಿತು.

"ಚಹಾನೂ ಬೇಡ, ಕ್ರೀಮೂ ಬೇಡ," ಎಂದರು ಗಂಡ. "ಪ್ರೀತಿಯಿಂದ ಏನು ತಂದ್ರೆ ಮಿತಿಯೊಳಗೆ ಇರತ್ತೆ, ಅದನ್ನಾದ್ರೂ ಹೇಳು."

ಹನ್ನೊಂದನೆಯ ದಿನ ಆಪರೇಟರ್, ಅವರ ಹಿಂದೆ ಇಡೀ ಪಾಳಿಯವರು ಬಾಗಿಲಲ್ಲಿ ನೆರೆದರು. ಹೊಸ ಚಿಮಟದಲ್ಲಿ ಹಿಡಿದ ಬಟ್ಟಲು ತಕ್ಕಡಿಗೇರಿತು. ಮೂರು ಪಾಯಿಂಟ್ ಎರಡು. ಮ್ಯಾನೇಜರ್ ಪತ್ರ ಹರಿದರು. ಮೇಡಂ ಅವರ ಮಾನ ಉಳಿಸಲೆಂದು, ಹಿಂದಿನದಕ್ಕೆ ತಕ್ಕಡಿಯ ದೋಷ ಎಂದು ಬರೆದುಬಿಡಿ ಎಂದು ಮೆಲ್ಲಗೆ ಸೂಚಿಸಿದರು.

ಮೇಡಂ ಹಳೆಯ ತೂಕದಲ್ಲಿ ಹೊಸದನ್ನು ಮನಸ್ಸಿನಲ್ಲೇ ಕಳೆದು, ಆಪರೇಟರ್ ಕಡೆ ತಿರುಗಿ, ಎಲ್ಲರಿಗೂ ಕೇಳುವ ಹಾಗೆ ಹೇಳಿದರು:

"ತಕ್ಕಡೀದು ಏನೂ ತಪ್ಪಿಲ್ಲ ಅಣ್ಣ, ನಿಮ್ದೂ ಇಲ್ಲ. ತಪ್ಪು ನಂದು. ಎಂಟು ಪಾಯಿಂಟ್ ಆರು ಮಿಲಿಗ್ರಾಂ."